ಎಡಿಟರ್ ಅಂದ್ರೆ ಎಂತ ಮಾಡುದು ಮಾರಾಯ್ರೆ?

ಕಳೆದ ಸೆಮಿಸ್ಟರಿನಲ್ಲಿ ನಾವು ಐದು ಜನ ಸೇರಿ ಕಾಲೇಜ್ ಫೆಸ್ಟಿಗೆ ಒಂದು ಸಾಕ್ಷ್ಯಚಿತ್ರ ಮಾಡಿದೆವು. 9 ನಿಮಿಷದ್ದು. ಕಾಪುವಿನಲ್ಲಿ ಮೀನು ಮಾರುವ ಒಬ್ಬರು ಅಜ್ಜಿಯ ಬಗ್ಗೆ. ಶೂಟಿಂಗ್ ಎರಡೇ ದಿನದಲ್ಲಿ ಮುಗಿಯಿತು. ಇನ್ನೇನು, ಒಂದು ರಾತ್ರಿ ಕೂತು ಜೋಡಿಸಿದ್ರೆ ಆಯ್ತು ಅಂದುಕೊಂಡೆವು. ಜೋಡಿಸಿ ಮುಗಿಯುವಾಗ ಐದು ವಾರ ಕಳೆದಿತ್ತು, ಒಂದು ಇಂಟರ್ನಲ್ ಪರೀಕ್ಷೆ ಹಾಳಾಗಿತ್ತು, ಗುಂಪಿನಲ್ಲಿ ಇಬ್ಬರು ಮಾತು ಬಿಟ್ಟಿದ್ದರು.

ಆ ಐದು ವಾರದಲ್ಲಿ ಮತ್ತು ಅದರ ನಂತರ ಸಿನಿಮಾ ಎಡಿಟಿಂಗ್ ಬಗ್ಗೆ ನಾವು ತಿಳಿದುಕೊಂಡದ್ದನ್ನು ಇಲ್ಲಿ ಬರೆದಿದ್ದೇವೆ. ನಮ್ಮಲ್ಲಿ ನಾಲ್ಕು ಜನ ಎಲ್‌ಕೆಜಿಯಿಂದಲೂ ಇಂಗ್ಲಿಷ್ ಮೀಡಿಯಂ. ಕನ್ನಡದಲ್ಲಿ ತಪ್ಪಿದ್ರೆ ದಯವಿಟ್ಟು ಹೊಟ್ಟೆಗೆ ಹಾಕಿಕೊಳ್ಳಿ. ಐದನೆಯವನು ಕಾರ್ಕಳದ ಸರ್ಕಾರಿ ಶಾಲೆಯಲ್ಲಿ ಓದಿದವ. ಎಡಿಟಿಂಗಿಗೆ ಕನ್ನಡದಲ್ಲಿ 'ಸಂಕಲನ' ಅಂತಾರೆ ಅಂತ ನಮಗೆ ಟೈಟಲ್ ಕಾರ್ಡ್‌ಗಳಿಂದ ಗೊತ್ತಿತ್ತು. ಆದ್ರೆ ಅದೇ ಪದ ಗಣಿತದಲ್ಲಿ ಕೂಡಿಸುವ ಲೆಕ್ಕಕ್ಕೂ ಬರ್ತದೆ, ಸಂಕಲನ, ವ್ಯವಕಲನ ಅಂತ, ಎಂದು ಹೇಳಿದ್ದು ಅವನೇ. ಇಂಗ್ಲಿಷಿನಲ್ಲಿ ಮಾತೆತ್ತಿದ್ರೆ 'ಕಟ್'. ಕನ್ನಡದಲ್ಲಿ ಕೂಡಿಸುದು. ಎರಡರಲ್ಲಿ ಯಾವುದು ಸರಿ ಅಂತ ಕ್ಯಾಂಟೀನಿನಲ್ಲಿ ಅರ್ಧ ಗಂಟೆ ಚರ್ಚೆ ಆಯ್ತು.

ನಮಗೆ ಈಗ ಕನ್ನಡದ ಪದವೇ ಹೆಚ್ಚು ಸರಿ ಅನಿಸ್ತದೆ. ಯಾಕೆ ಅಂತ ಅಜ್ಜಿಯ ಕತೆಯಿಂದಲೇ ಹೇಳ್ತೇವೆ.

ಅಜ್ಜಿ ಬುಟ್ಟಿ ಮುಂದೆ ಕೂತಿದ್ದರು. ಹಿಂದೆ ದೂರದಲ್ಲಿ 1901ರಲ್ಲಿ ಕಟ್ಟಿದ ಕಾಪು ದೀಪಸ್ತಂಭ. "ಮಗ ಕಡಲಿಗೆ ಹೋಗ್ತಾರಾ?" ಅಂತ ನಾವು ತುಳುವಿನಲ್ಲಿ ಕೇಳಿದೆವು. "ಇಲ್ಲ, ಅವ ಈಗ ಮಸ್ಕತ್ತಿನಲ್ಲಿ ಇರುದು" ಅಂದ್ರು. ಆಮೇಲೆ ನಾಲ್ಕು ಸೆಕೆಂಡ್ ಸುಮ್ಮನೆ ಎಡಕ್ಕೆ ನೋಡಿದರು. ಯಾಕಂದ್ರೆ ಅಲ್ಲಿ ಒಬ್ಬರು ಗಿರಾಕಿ ಬಂಗುಡೆಯ ಕಿವಿರು ಎತ್ತಿ ನೋಡ್ತಾ ಇದ್ದರು. ಮತ್ತೆ ನಮ್ಮ ಕಡೆ ತಿರುಗಿ, "ದಿನಾ ರಾತ್ರಿ ಫೋನ್ ಮಾಡ್ತಾನೆ" ಅಂದ್ರು.

ಎಡಿಟಿಂಗ್ ಟೇಬಲ್ಲಿನಲ್ಲಿ ನಾವು ಎಂತ ಮಾಡಿದೆವು ಗೊತ್ತುಂಟಾ? "ಮಸ್ಕತ್ತಿನಲ್ಲಿ ಇರುದು" ಅನ್ನುವ ಮಾತು, ಆ ಎಡಕ್ಕೆ ನೋಡುವ ಮೌನ, ಅದಕ್ಕೆ ಅಂಟಿಸಿ ಮೂರು ಸೆಕೆಂಡಿನ ಖಾಲಿ ಸಮುದ್ರ, ಅದರ ಮೇಲೆ ಒಂದು ಕೊಳಲಿನ ತುಣುಕು. ಫೋನಿನ ಮಾತು ಉದ್ದ ಆಯ್ತು ಅಂತ ತೆಗೆದೆವು. ಹಾಸ್ಟೆಲಿನಲ್ಲಿ ತೋರಿಸಿದಾಗ ಇಬ್ಬರು ಕಣ್ಣು ಒರೆಸಿಕೊಂಡರು. ನಮಗೆ ಭಾರೀ ಖುಷಿ.

ಇದು ಹೊಸ ವಿದ್ಯೆ ಏನಲ್ಲ. 1920ರ ಸುಮಾರಿಗೆ ರಷ್ಯಾದಲ್ಲಿ ಲೆವ್ ಕುಲೆಶೋವ್ ಎಂಬವರು ಒಬ್ಬ ನಟನ ಭಾವವಿಲ್ಲದ ಮುಖದ ಒಂದೇ ಶಾಟನ್ನು ಬೇರೆ ಬೇರೆ ಚಿತ್ರಗಳ ಜೊತೆ ಜೋಡಿಸಿ ತೋರಿಸಿದ್ದರು. ಸೂಪಿನ ಬಟ್ಟಲಿನ ಪಕ್ಕ ಇಟ್ರೆ ನೋಡಿದವರಿಗೆ ಹಸಿವು ಕಂಡಿತು, ಶವಪೆಟ್ಟಿಗೆಯ ಪಕ್ಕ ಇಟ್ರೆ ದುಃಖ ಕಂಡಿತು. ಮುಖ ಒಂದೇ. ಅರ್ಥ ಇದ್ದದ್ದು ಎರಡು ಶಾಟುಗಳು ಕೂಡುವ ಜಾಗದಲ್ಲಿ. ಎಡಿಟರ್ ಕೆಲಸ ಮಾಡುದು ಆ ಜಾಗದಲ್ಲಿ. ಕತ್ತರಿಸುದು ಅಲ್ಲಿಗೆ ತಲುಪುವ ದಾರಿ ಮಾತ್ರ.

ಫೆಸ್ಟಿಗೆ ನಾಲ್ಕು ದಿನ ಇರುವಾಗ ಲ್ಯಾಪ್‌ಟಾಪ್ ತೆಗೊಂಡು ಕಾಪುವಿಗೆ ಹೋಗಿ ಅಜ್ಜಿಗೆ ತೋರಿಸಿದೆವು. ಪೂರ್ತಿ ನೋಡಿದರು. ಸ್ವಲ್ಪ ಹೊತ್ತು ಮಾತಾಡಲಿಲ್ಲ. ಆಮೇಲೆ, "ನನ್ನ ಮಗ ನನ್ನನ್ನು ಬಿಟ್ಟು ಹೋದ ಹಾಗೆ ಮಾಡಿದ್ದೀರಲ್ಲ ಮಕ್ಕಳೇ? ಅವ ನೋಡಿದ್ರೆ ಎಂತ ಎಣಿಸಿಯಾನು?" ಅಂದ್ರು. ಬೈಯಲಿಲ್ಲ. ಬೈದಿದ್ರೆ ಸುಲಭ ಆಗ್ತಿತ್ತು. ನಾವು ಅವರ ಒಂದು ಅಕ್ಷರವನ್ನೂ ಬದಲಿಸಿರಲಿಲ್ಲ, ಎಲ್ಲವೂ ಅವರೇ ಹೇಳಿದ್ದು, ಅವರದ್ದೇ ಮುಖ. ಆದ್ರೂ ಅದು ಸುಳ್ಳಾಗಿತ್ತು. ವಾಪಸ್ ಬರುವಾಗ ಬಸ್ಸಿನಲ್ಲಿ ಯಾರೂ ಮಾತಾಡಲಿಲ್ಲ. ಸಮುದ್ರದ ಶಾಟ್ ತೆಗೆಯಬೇಕು, ತೆಗೆಯಬಾರದು ಅಂತ ಮರುದಿನ ಜಗಳ ಆಗಿ ಇಬ್ಬರು ಮಾತು ಬಿಟ್ಟದ್ದು ಆಗಲೇ. ಕೊನೆಗೆ ತೆಗೆದೆವು. ಫೋನಿನ ಮಾತು ವಾಪಸ್ ಬಂತು, ಗಿರಾಕಿಯ ಕೈ ಮತ್ತು ಬಂಗುಡೆಯೂ ಬಂತು. ಸಿನಿಮಾ ಸ್ವಲ್ಪ ಸಪ್ಪೆ ಆಯ್ತು, ಬಹುಮಾನ ಬರಲಿಲ್ಲ. ಅಜ್ಜಿ ಅದನ್ನು ಮಸ್ಕತ್ತಿಗೆ ಕಳಿಸಲಿಕ್ಕೆ ಹೇಳಿದರು, ಕಳಿಸಿದೆವು.

ಇನ್ನು ಕೆಲಸದ ವಿಷಯಕ್ಕೆ ಬರೋಣ. ಶೂಟಿಂಗ್ ಮುಗಿದ ಮೇಲೆ ಥಿಯೇಟರಿಗೆ ಹೋಗುವವರೆಗೆ ನಡೆಯುವ ಎಲ್ಲದಕ್ಕೂ ಸೇರಿ ಪೋಸ್ಟ್ ಪ್ರೊಡಕ್ಷನ್ ಅಂತಾರೆ. ಅದರಲ್ಲಿ ಎಡಿಟರ್ ಮೊದಲು ಮಾಡುದು ಕಟ್ ಅಲ್ಲ, ಕಾಪಿ. ಕ್ಯಾಮೆರಾದ ಕಾರ್ಡಿನಿಂದ ಹಾರ್ಡ್ ಡಿಸ್ಕಿಗೆ, ಅಲ್ಲಿಂದ ಇನ್ನೊಂದಕ್ಕೆ. ಒಂದು ಸೆಕೆಂಡಿಗೆ 100 ಮೆಗಾಬಿಟ್ ದರದಲ್ಲಿ ರೆಕಾರ್ಡ್ ಮಾಡಿದ್ರೆ ಒಂದು ಗಂಟೆಗೆ 45 ಜಿಬಿ ಆಗ್ತದೆ. ದೊಡ್ಡ ಸಿನಿಮಾ ಕ್ಯಾಮೆರಾಗಳಲ್ಲಿ ಇದರ ಎಷ್ಟೋ ಪಟ್ಟು. ಹಾಗಾಗಿ ಎಡಿಟಿಂಗಿಗೆ ಪ್ರಾಕ್ಸಿ ಅಂತ ಚಿಕ್ಕ ಗಾತ್ರದ ನಕಲು ಮಾಡಿ ಕೆಲಸ ಮಾಡ್ತಾರೆ, ಕೊನೆಗೆ ಮೂಲ ಫೈಲಿಗೆ ಜೋಡಿಸ್ತಾರೆ.

ಇಲ್ಲಿ ಒಂದು ಇಂಜಿನಿಯರಿಂಗ್ ವಿಷಯ ಹೇಳ್ಲೇಬೇಕು. ಮೊಬೈಲಿನ ವಿಡಿಯೋ ಪ್ಲೇ ಮಾಡುವಾಗ ಚಂದ ಓಡ್ತದೆ, ಎಡಿಟ್ ಮಾಡುವಾಗ ಮಾತ್ರ ಲ್ಯಾಪ್‌ಟಾಪ್ ಏದುಸಿರು ಬಿಡ್ತದೆ, ಯಾಕೆ? ಎಚ್.264ನಂಥ ಕೋಡೆಕ್ ಪ್ರತಿ ಫ್ರೇಮನ್ನೂ ಪೂರ್ತಿ ಇಡುದಿಲ್ಲ. ಒಂದು ಫ್ರೇಮ್ ಪೂರ್ತಿ, ಮತ್ತೆ ಬರುವ ಹಲವು ಫ್ರೇಮುಗಳಲ್ಲಿ ಬದಲಾದದ್ದು ಮಾತ್ರ. ನೇರ ಓಡಿಸಿದ್ರೆ ತೊಂದರೆ ಇಲ್ಲ. ಎಡಿಟರ್ ಹಿಂದೆ ಮುಂದೆ ಎಳೀತಾ ಇರ್ತಾರೆ. ನಡುವಿನ ಒಂದು ಫ್ರೇಮ್ ಬೇಕಾದ್ರೆ ಕಂಪ್ಯೂಟರ್ ಹಿಂದಿನ ಪೂರ್ತಿ ಫ್ರೇಮಿಗೆ ಹೋಗಿ ಅಲ್ಲಿಂದ ಲೆಕ್ಕ ಹಾಕಿಕೊಂಡು ಬರಬೇಕು. ಪ್ರೋರೆಸ್‌ನಂಥ ಕೋಡೆಕ್‌ಗಳಲ್ಲಿ ಪ್ರತಿ ಫ್ರೇಮ್ ಸ್ವತಂತ್ರ. ಫೈಲ್ ದೊಡ್ಡದು, ಆದ್ರೆ ಹಗುರವಾಗಿ ಓಡ್ತದೆ. ನಮಗೆ ಇದು ಗೊತ್ತಾಗುವ ಮೊದಲು ನಾಲ್ಕು ದಿನ ಲ್ಯಾಪ್‌ಟಾಪಿಗೆ ಬೈದಿದ್ದೆವು.

ಇನ್ನೊಂದು ನಮ್ಮನ್ನು ಅಳಿಸಿದ್ದು ಸಿಂಕ್. ಚಿತ್ರ ಒಂದರಲ್ಲಿ, ಶಬ್ದ ಇನ್ನೊಂದು ರೆಕಾರ್ಡರಿನಲ್ಲಿ. ಎರಡನ್ನೂ ಕೂಡಿಸಲಿಕ್ಕೆ ಕ್ಲಾಪ್ ಬೋರ್ಡ್. ಈಗ ಸಾಫ್ಟ್‌ವೇರ್ ತಾನೇ ಎರಡು ಶಬ್ದದ ಅಲೆಗಳನ್ನು ಹೋಲಿಸಿ ಕೂಡಿಸ್ತದೆ. ಸಿಗ್ನಲ್ಸ್ ಅಂಡ್ ಸಿಸ್ಟಮ್ಸ್ ಕ್ಲಾಸಿನಲ್ಲಿ ನಿದ್ದೆ ತರಿಸಿದ ಕ್ರಾಸ್ ಕೋರಿಲೇಶನ್ ಇದೇ ಅಂತ ಗೊತ್ತಾದಾಗ ನಮ್ಮ ಇಸಿ ಹುಡುಗಿ ಕುಣಿದಳು. ಆದ್ರೆ ಅಜ್ಜಿ ಮೀನು ಕೊಯ್ಯುವ ಒಂದು ಲಾಂಗ್ ಶಾಟಿನಲ್ಲಿ ಕತ್ತಿ ಬಿದ್ದ ಮೇಲೆ ಶಬ್ದ ಬರ್ತಾ ಇತ್ತು. ಸಾಫ್ಟ್‌ವೇರ್ ಸರಿಯಾಗಿಯೇ ಕೂಡಿಸಿತ್ತು. ತಪ್ಪು ಎಲ್ಲಿ? ಕ್ಯಾಮೆರಾ 30 ಮೀಟರ್ ದೂರದಲ್ಲಿತ್ತು. ಶಬ್ದ ಸೆಕೆಂಡಿಗೆ ಸುಮಾರು 340 ಮೀಟರ್ ಹೋಗ್ತದೆ. 24 ಫ್ರೇಮಿನ ಲೆಕ್ಕದಲ್ಲಿ ಒಂದು ಫ್ರೇಮಿಗೆ 14 ಮೀಟರ್. ಅಂದ್ರೆ ಕ್ಯಾಮೆರಾದ ಮೈಕಿಗೆ ಶಬ್ದ ಮುಟ್ಟುವಾಗಲೇ ಎರಡು ಫ್ರೇಮ್ ತಡ. ಆ ತಡವಾದ ಶಬ್ದಕ್ಕೆ ಸಾಫ್ಟ್‌ವೇರ್ ನಮ್ಮ ರೆಕಾರ್ಡಿಂಗನ್ನು ಕೂಡಿಸಿತ್ತು. ಕೈಯಿಂದ ಎರಡು ಫ್ರೇಮ್ ಹಿಂದೆ ತಳ್ಳಿದೆವು, ಸರಿ ಆಯ್ತು. ಎರಡು ಫ್ರೇಮ್ ಅಂದ್ರೆ ಸೆಕೆಂಡಿನ ಹನ್ನೆರಡನೇ ಒಂದು ಭಾಗ. ಅಷ್ಟು ಸಣ್ಣ ತಪ್ಪು ಕಣ್ಣಿಗೆ ಹೇಗೆ ಗೊತ್ತಾಗ್ತದೆ ಅಂತ ಈಗಲೂ ಆಶ್ಚರ್ಯ.

ಮೊಬೈಲಿನಲ್ಲಿ ತೆಗೆದ ಶಾಟ್‌ಗಳದ್ದು ಬೇರೆಯೇ ಕರ್ಮ. ಮೊಬೈಲ್ 30 ಫ್ರೇಮ್ ಅಂತ ಹೇಳಿದ್ರೂ ನಿಜವಾಗಿ ಒಮ್ಮೆ ಜಾಸ್ತಿ ಒಮ್ಮೆ ಕಡಿಮೆ ತೆಗೀತದೆ. 11 ನಿಮಿಷದ ಸಂದರ್ಶನದ ಆರಂಭದಲ್ಲಿ ತುಟಿ ಸರಿ, ಕೊನೆಯಲ್ಲಿ ತುಟಿಗೂ ಮಾತಿಗೂ ಸಂಬಂಧ ಇಲ್ಲ. ಮೊದಲೇ ಅದನ್ನು ಸ್ಥಿರ ಫ್ರೇಮ್ ರೇಟಿಗೆ ಬದಲಿಸಿಕೊಳ್ಳಬೇಕು. ಜೂನಿಯರ್ಸ್, ಇದೊಂದು ನೆನಪಿಟ್ಟುಕೊಳ್ಳಿ.

ಇಷ್ಟಾದ ಮೇಲೆ ಕಟ್. ಮೊದಲು ಸ್ಕ್ರಿಪ್ಟಿನ ಕ್ರಮದಲ್ಲಿ ಎಲ್ಲವನ್ನೂ ಸಾಲಾಗಿ ಇಡುದು ಅಸೆಂಬ್ಲಿ. ಅದು ಯಾವಾಗಲೂ ಉದ್ದ, ಯಾವಾಗಲೂ ಬೋರು. ಅಲ್ಲಿಂದ ರಫ್ ಕಟ್, ಫೈನ್ ಕಟ್. ಕೊನೆಗೆ ಪಿಕ್ಚರ್ ಲಾಕ್, ಅಂದ್ರೆ ಇನ್ನು ಒಂದು ಫ್ರೇಮ್ ಕೂಡ ಆಚೀಚೆ ಮಾಡುವ ಹಾಗಿಲ್ಲ. ಯಾಕೆ ಅಷ್ಟು ಕಟ್ಟುನಿಟ್ಟು ಅಂದ್ರೆ ಅದೇ ಅಳತೆಗೆ ಹಿನ್ನೆಲೆ ಸಂಗೀತ, ಡಬ್ಬಿಂಗ್, ಸೌಂಡ್ ಡಿಸೈನ್, ವಿಎಫ್‌ಎಕ್ಸ್, ಬಣ್ಣದ ಕೆಲಸ ಎಲ್ಲ ಬೇರೆ ಬೇರೆ ಕಡೆ ಶುರುವಾಗ್ತದೆ. ಎಡಿಟರ್ ಅಲ್ಲಿಗೆ ಕಳಿಸುವ ಪಟ್ಟಿಗೆ ಇಡಿಎಲ್ ಅಂತ ಹೆಸರು. ನೋಟ್‌ಪ್ಯಾಡಿನಲ್ಲಿ ತೆರೆದು ನೋಡಿದೆವು. ಬರೇ ಟೆಕ್ಸ್ಟ್! ಯಾವ ಕ್ಲಿಪ್, ಎಲ್ಲಿಂದ ಎಲ್ಲಿಗೆ, ಸಿನಿಮಾದಲ್ಲಿ ಯಾವ ಜಾಗ. ಐದು ವಾರದ ಜಗಳ, ಕಣ್ಣೀರು ಎಲ್ಲ ಸೇರಿ ಕೆಲವೇ ಕೆಬಿಯ ಒಂದು ಫೈಲ್. ಕೊನೆಗೆ ಎಲ್ಲ ಒಟ್ಟಾಗಿ, ಸೆನ್ಸಾರ್ ಸರ್ಟಿಫಿಕೇಟ್ ಸಿಕ್ಕಿ, ಥಿಯೇಟರಿನ ಡಿಜಿಟಲ್ ಪ್ಯಾಕೇಜ್ ಆಗ್ತದೆ.

ಹಿಂದೆ ಇದೆಲ್ಲ ನಿಜವಾದ ಕತ್ತರಿಯಲ್ಲೇ. 35 ಎಂಎಂ ಫಿಲ್ಮಿನಲ್ಲಿ ಒಂದು ಅಡಿಗೆ 16 ಫ್ರೇಮ್, 1000 ಅಡಿಯ ಡಬ್ಬಿ ಓಡುದು 11 ನಿಮಿಷ. ಮೂವಿಯೋಲಾ, ಸ್ಟೀನ್‌ಬೆಕ್ ಮೆಷಿನ್‌ಗಳ ಮೇಲೆ ಫಿಲ್ಮ್ ಓಡಿಸಿ, ಗುರುತು ಹಾಕಿ, ಕತ್ತರಿಸಿ, ಅಂಟಿಸುದು. 'ಅಪೊಕ್ಯಾಲಿಪ್ಸ್ ನೌ' ಸಿನಿಮಾಕ್ಕೆ ಸುಮಾರು 12 ಲಕ್ಷದ 50 ಸಾವಿರ ಅಡಿ ಫಿಲ್ಮ್, 230 ಗಂಟೆಗಿಂತ ಹೆಚ್ಚು, ಶೂಟ್ ಆಗಿತ್ತಂತೆ. ತೆರೆಗೆ ಬಂದದ್ದು ಎರಡೂವರೆ ಗಂಟೆಯ ಒಳಗೆ. ಅದರ ಎಡಿಟರುಗಳಲ್ಲಿ ಒಬ್ಬರಾದ ವಾಲ್ಟರ್ ಮರ್ಚ್ ಬರೆದ 'ಇನ್ ದ ಬ್ಲಿಂಕ್ ಆಫ್ ಆನ್ ಐ' ಚಿಕ್ಕ ಪುಸ್ತಕ, ಎರಡು ಬಸ್ ಪ್ರಯಾಣದಲ್ಲಿ ಮುಗೀತದೆ. ಒಳ್ಳೆಯ ಕಟ್‌ಗೆ ಅವರು ಎಲ್ಲಕ್ಕಿಂತ ಮೇಲೆ ಇಡುದು ಭಾವನೆಯನ್ನು. ಆ್ಯಕ್ಷನ್ ಹೊಂದಿಕೆ ಆಗುದು, ಕೈಯಲ್ಲಿ ಲೋಟ ಇತ್ತಾ ಇಲ್ವಾ, ಇದೆಲ್ಲ ಕೆಳಗೆ. ನಾವು ಅಜ್ಜಿಯ ವಿಷಯದಲ್ಲಿ ಅದನ್ನು ಸ್ವಲ್ಪ ಹೆಚ್ಚೇ ಪಾಲಿಸಿದೆವು ಅನ್ನುದು ಬೇರೆ ಮಾತು.

ನಮ್ಮವರ ಸಾಲಿನಲ್ಲಿ ಸುರೇಶ್ ಅರಸ್ ಅವರ ಹೆಸರು ಹೇಳದೆ ಆಗುದಿಲ್ಲ. ಮಣಿರತ್ನಂ ಅವರ 'ರೋಜಾ', 'ಬಾಂಬೆ' ಎಡಿಟ್ ಮಾಡಿದ ಕನ್ನಡಿಗ, 'ಬಾಂಬೆ'ಗೆ ರಾಷ್ಟ್ರಪ್ರಶಸ್ತಿ ಪಡೆದವರು. 2006ರ 'ಮುಂಗಾರು ಮಳೆ'ಯ ಸಂಕಲನ ದೀಪು ಎಸ್. ಕುಮಾರ್ ಅವರದ್ದು. ನಾವು ಹುಟ್ಟುವ ಹೊತ್ತಿನ ಸಿನಿಮಾ. ಆ ಮಳೆ ಹಾಡುಗಳನ್ನು ನೂರು ಸಲ ನೋಡಿದವರಿಗೂ ಈ ಹೆಸರು ಗೊತ್ತಿರಲಿಕ್ಕಿಲ್ಲ.

ಈಗ ನಮ್ಮ ಊರಿನ ಕಡೆಗೆ. ಉಡುಪಿಯ ರಕ್ಷಿತ್ ಶೆಟ್ಟಿ ಇಂಜಿನಿಯರಿಂಗ್ ಓದಿದ್ದು ಕಾರ್ಕಳ ತಾಲೂಕಿನ ನಿಟ್ಟೆಯಲ್ಲಿ. ಹಾಗಾಗಿ ಈ ಕಡೆಯ ಇಂಜಿನಿಯರಿಂಗ್ ಹುಡುಗರ ಸಿನಿಮಾ ಹುಚ್ಚಿಗೆ ಮನೆಯವರು ಹೊಸದಾಗಿ ಗಾಬರಿ ಆಗ್ಬೇಕಾದ್ದಿಲ್ಲ. ಅವರು ನಿರ್ದೇಶಿಸಿದ 2014ರ 'ಉಳಿದವರು ಕಂಡಂತೆ' ಮಲ್ಪೆಯ ಕತೆ. ಎಡಿಟಿಂಗ್ ಕಲಿಯುವವರು ಇದನ್ನು ಎರಡು ಸಲ ನೋಡ್ಬೇಕು, ಮೊದಲ ಸಲ ಕತೆಗೆ, ಎರಡನೇ ಸಲ ಜೋಡಣೆಗೆ. ಅಧ್ಯಾಯಗಳಾಗಿ ಬರುವ ಸಿನಿಮಾ ಅದು, ಒಬ್ಬೊಬ್ಬರು ಕಂಡದ್ದು ಒಂದೊಂದು. ಹೀಗಿರುವಾಗ ಎಡಿಟರ್ ಎದುರಿನ ಪ್ರಶ್ನೆ 'ಎಂತ ತೋರಿಸುದು' ಅಲ್ಲ, 'ಈಗ ಎಷ್ಟು ತೋರಿಸದೇ ಇಡುದು'. ಒಂದು ಅಧ್ಯಾಯದಲ್ಲಿ ಐದು ಸೆಕೆಂಡ್ ಜಾಸ್ತಿ ಇಟ್ರೆ ಮುಂದಿನದ್ದು ಸತ್ತು ಹೋಗ್ತದೆ. ಅಷ್ಟಮಿಯ ಪಿಲಿವೇಷ, ತಾಸೆಯ ಪೆಟ್ಟು ಎಲ್ಲ ಉಂಟಲ್ಲ, ಅಲ್ಲಿ ಶಾಟ್ ಬದಲಾಗುದು ಪೆಟ್ಟಿನ ಮೇಲೆಯಾ ಪೆಟ್ಟಿಗಿಂತ ಸ್ವಲ್ಪ ಮೊದಲಾ ಅಂತ ಎಣಿಸಿ ನೋಡಿ. ಅದರ ಸಂಕಲನಕಾರ ಸಚಿನ್. 'ಕಿರಿಕ್ ಪಾರ್ಟಿ' ಎಡಿಟ್ ಮಾಡಿದ್ದೂ ಅವರೇ, ಆಮೇಲೆ 2019ರಲ್ಲಿ 'ಅವನೇ ಶ್ರೀಮನ್ನಾರಾಯಣ' ನಿರ್ದೇಶಿಸಿದರು. ಎಡಿಟಿಂಗ್ ರೂಮಿನಿಂದ ನಿರ್ದೇಶಕರ ಕುರ್ಚಿಗೆ ಹೋಗುದು ಈ ವೃತ್ತಿಯ ಒಂದು ಹಳೆಯ ದಾರಿ. ಬೇರೆಯವರು ಎಲ್ಲಿ ತಪ್ಪಿದರು ಅಂತ ದಿನಾ ನೋಡಿ ನೋಡಿ ಕಲಿತಿರ್ತಾರೆ.

ಮಂಗಳೂರಿನ ಕಡೆ ಪ್ರವೀಣ್ ಶ್ರೀಯಾನ್ ಅವರದ್ದು ಇನ್ನೊಂದು ಮಾದರಿ. 'ಒಂದು ಮೊಟ್ಟೆಯ ಕಥೆ', 'ಗರುಡ ಗಮನ ವೃಷಭ ವಾಹನ' ಎರಡಕ್ಕೂ ಕ್ಯಾಮೆರಾ ಮತ್ತು ಸಂಕಲನ ಅವರದ್ದೇ. ಶೂಟ್ ಮಾಡುವಾಗಲೇ ಕಟ್ ತಲೆಯಲ್ಲಿ ಇರ್ತದೆ ಅನ್ನುದು ಲಾಭ. ಕಷ್ಟಪಟ್ಟು ತೆಗೆದ ಶಾಟನ್ನು ತಾನೇ ಬಿಸಾಡ್ಬೇಕು ಅನ್ನುದು ಸಂಕಟ. ನಮ್ಮ ಗುಂಪಿನ ಕ್ಯಾಮೆರಾದವ ದೀಪಸ್ತಂಭದ ಒಂದು ಶಾಟಿಗಾಗಿ ಬೆಳಿಗ್ಗೆ ನಾಲ್ಕೂವರೆಗೆ ಎದ್ದಿದ್ದ. ಅದು ಸಿನಿಮಾದಲ್ಲಿ ಇಲ್ಲ. ಅವ ಇನ್ನೂ ಕ್ಷಮಿಸಲಿಲ್ಲ. 2022ರ '777 ಚಾರ್ಲಿ' ಪ್ರತೀಕ್ ಶೆಟ್ಟಿಯವರ ಸಂಕಲನ. ಅದೇ ವರ್ಷದ 'ಕಾಂತಾರ'ದಲ್ಲಿ ಕೆ.ಎಂ. ಪ್ರಕಾಶ್ ಜೊತೆಗೆ ಅವರ ಹೆಸರು ಉಂಟು. ನಾಯಿಗೆ ಡೈಲಾಗ್ ಇಲ್ಲ, ರೀಟೇಕಿನಲ್ಲಿ ಅದೇ ಭಾವ ಕೊಡು ಅಂತ ಹೇಳಿದ್ರೆ ಕೇಳುದೂ ಇಲ್ಲ. ಚಾರ್ಲಿಯ 'ಅಭಿನಯ'ದಲ್ಲಿ ಎಷ್ಟು ಪಾಲು ನಾಯಿಯದ್ದು, ಎಷ್ಟು ತರಬೇತಿಯದ್ದು, ಎಷ್ಟು ಕುಲೆಶೋವನದ್ದು ಅಂತ ಯೋಚಿಸುತ್ತಾ ಮತ್ತೊಮ್ಮೆ ನೋಡಿ.

ಪೋಸ್ಟ್ ಪ್ರೊಡಕ್ಷನ್ ಅಂದ್ರೆ ಬೆಂಗಳೂರಿಗೇ ಹೋಗ್ಬೇಕು ಅನ್ನುದೂ ಈಗ ಪೂರ್ತಿ ನಿಜ ಅಲ್ಲ. 'ಕೆಜಿಎಫ್' ಖ್ಯಾತಿಯ ಸಂಗೀತ ನಿರ್ದೇಶಕ ರವಿ ಬಸ್ರೂರು ತಮ್ಮ ಸ್ಟುಡಿಯೋ ಮಾಡಿಕೊಂಡದ್ದು ಕುಂದಾಪುರ ತಾಲೂಕಿನ ಬಸ್ರೂರಿನಲ್ಲಿಯೇ. ಆದ್ರೂ ಸಿನಿಮಾ ಎಡಿಟರ್ ಆಗ್ಬೇಕಾದ್ರೆ ನಿರ್ದೇಶಕರ ಪಕ್ಕ ಕೂರಬೇಕು, ನಿರ್ದೇಶಕರು ಹೆಚ್ಚಿನವರು ಇರುದು ಬೆಂಗಳೂರಿನಲ್ಲಿ. ಇದು ಸತ್ಯ.

ಸೇರುವ ದಾರಿ ಹೇಗೆ? ಪುಣೆಯ ಎಫ್‌ಟಿಐಐ, ಕೋಲ್ಕತ್ತಾದ ಸತ್ಯಜಿತ್ ರೇ ಇನ್‌ಸ್ಟಿಟ್ಯೂಟ್ ಎರಡರಲ್ಲೂ ಎಡಿಟಿಂಗಿಗೇ ಪ್ರತ್ಯೇಕ ಕೋರ್ಸ್ ಉಂಟು. ಯಾವುದೇ ಡಿಗ್ರಿ ಆದವರು ಪ್ರವೇಶ ಪರೀಕ್ಷೆ ಬರೆಯಬಹುದು, ಬಿ.ಇ. ಕೂಡ ನಡೀತದೆ. ಹತ್ತಿರದಲ್ಲಿ ಮಣಿಪಾಲದ ಎಂಐಸಿಯಲ್ಲಿ ಮಾಧ್ಯಮದ ಕೋರ್ಸುಗಳಿವೆ. ಇನ್ನೊಂದು ದಾರಿ ಒಬ್ಬ ಎಡಿಟರ್ ಹತ್ತಿರ ಅಸಿಸ್ಟೆಂಟ್ ಆಗಿ ಸೇರುದು. ಅಸಿಸ್ಟೆಂಟಿನ ಕೆಲಸ ಮೇಲೆ ಹೇಳಿದ ಕಾಪಿ, ಪ್ರಾಕ್ಸಿ, ಸಿಂಕ್, ಕ್ಲಿಪ್‌ಗಳಿಗೆ ಹೆಸರು ಕೊಡುದು, ಡಿಪಾರ್ಟ್‌ಮೆಂಟುಗಳಿಗೆ ಫೈಲ್ ಕಳಿಸುದು. ಬೇಸರದ ಕೆಲಸ ಅನಿಸಬಹುದು. ಆದ್ರೆ ಒಂದೇ ದೃಶ್ಯದ ಹತ್ತು ಟೇಕ್‌ನಲ್ಲಿ ಎಡಿಟರ್ ಏಳನೆಯದ್ದನ್ನೇ ಯಾಕೆ ಆರಿಸಿದರು ಅಂತ ಕಣ್ಣಾರೆ ನೋಡ್ಲಿಕ್ಕೆ ಸಿಗುದು ಆ ಕುರ್ಚಿಯಲ್ಲಿ ಮಾತ್ರ.

ಮೂರನೇ ದಾರಿ ಎಲ್ಲರ ಬಾಯಲ್ಲೂ ಇರುವುದು. 'ಕೆಜಿಎಫ್: ಚಾಪ್ಟರ್ 2' ಎಡಿಟರ್ ಉಜ್ವಲ್ ಕುಲಕರ್ಣಿ ಕಲಬುರಗಿಯವರು. 2022ರ ಏಪ್ರಿಲ್‌ನಲ್ಲಿ ಸಿನಿಮಾ ಬಂದಾಗ ಅವರಿಗೆ ಹೆಚ್ಚು ಕಡಿಮೆ ನಮ್ಮದೇ ವಯಸ್ಸು. ಮೊದಲ ಭಾಗದ ದೃಶ್ಯಗಳನ್ನು ಇಟ್ಟುಕೊಂಡು ಅವರು ಮಾಡಿದ ಫ್ಯಾನ್ ಎಡಿಟ್ ಪ್ರಶಾಂತ್ ನೀಲ್ ಅವರ ಕಣ್ಣಿಗೆ ಬಿತ್ತು ಅಂತ ಪತ್ರಿಕೆಗಳಲ್ಲಿ ಬಂದಿತ್ತು. ಆಮೇಲೆ 'ಸಲಾರ್' ಕೂಡ ಮಾಡಿದರು. ಈ ಕತೆ ಕೇಳಿದ ಮೇಲೆ ನಮ್ಮ ಹಾಸ್ಟೆಲಿನಲ್ಲಿ ಫ್ಯಾನ್ ಎಡಿಟ್ ಮಾಡುವವರ ಸಂಖ್ಯೆ ಜಾಸ್ತಿ ಆಗಿದೆ. ನಮ್ಮ ಅಭಿಪ್ರಾಯ ಕೇಳಿದ್ರೆ, ಈ ಕತೆಯನ್ನು ಮನೆಯಲ್ಲಿ ವಾದಕ್ಕೆ ಬಳಸಿ, ಪ್ಲಾನಿಗೆ ಬಳಸಬೇಡಿ. ಫ್ಯಾನ್ ಎಡಿಟಿನಲ್ಲಿ ಬೇರೆಯವರು ಆರಿಸಿ ಕೊಟ್ಟ ಒಳ್ಳೆಯ ಶಾಟುಗಳೇ ಇರ್ತವೆ. ನಿಜವಾದ ಕೆಲಸದಲ್ಲಿ ಫೋಕಸ್ ತಪ್ಪಿದ್ದು, ನಟ ಮಾತು ಮರೆತದ್ದು, ಹಿಂದೆ ಕಾಗೆ ಕೂಗಿದ್ದು ಎಲ್ಲ ಇರ್ತದೆ.

ಹಣದ ವಿಷಯ. ಅಸಿಸ್ಟೆಂಟಿಗೆ ಸಾಮಾನ್ಯವಾಗಿ ತಿಂಗಳ ಸಂಬಳ. ಎಡಿಟರಿಗೆ ಒಂದು ಸಿನಿಮಾಕ್ಕೆ ಇಷ್ಟು ಅಂತ ಒಪ್ಪಂದ, ಕಂತಿನಲ್ಲಿ ಬರ್ತದೆ. ಸಿನಿಮಾ ನಿಂತ್ರೆ ಕಂತೂ ನಿಲ್ತದೆ. ಹಾಗಾಗಿ ಹೆಚ್ಚಿನವರು ಜಾಹೀರಾತು, ವೆಬ್ ಸೀರೀಸ್, ಟ್ರೈಲರ್ ಎಲ್ಲ ಮಾಡ್ತಾರೆ. ನಮ್ಮ ಕಡೆ ಮದುವೆ, ಯಕ್ಷಗಾನ, ನೇಮದ ವಿಡಿಯೋ, ತುಳು ಸಿನಿಮಾ, ಯೂಟ್ಯೂಬ್ ಉಂಟು. ಮದುವೆ ವಿಡಿಯೋ ಅಂತ ಮೂಗು ಮುರಿಯಬೇಡಿ. ರೀಟೇಕ್ ಇಲ್ಲದ ಎಂಟು ಗಂಟೆಯ ಫುಟೇಜನ್ನು ಐದು ನಿಮಿಷ ಮಾಡುದು ಸಣ್ಣ ವಿದ್ಯೆ ಅಲ್ಲ.

ಎಐ ಬಂದು ಎಡಿಟರುಗಳ ಕೆಲಸ ಹೋಗ್ತದಾ ಅಂತ ಸಿಎಸ್‌ನವರು ಕೇಳಿಯೇ ಕೇಳ್ತೀರಿ. ಮಾತನ್ನು ಅಕ್ಷರ ಮಾಡಿ ಕೊಡುದು, ಮೌನ ತೆಗೆಯುದು ಎಲ್ಲ ಈಗಲೇ ಉಂಟು. ಆದ್ರೆ ನಾವು ಬಳಸಿದ ಸಾಫ್ಟ್‌ವೇರಿನ ಭಾಷೆಗಳ ಪಟ್ಟಿಯಲ್ಲಿ ತುಳು ಇರಲಿಲ್ಲ. 9 ನಿಮಿಷದ ಸಬ್‌ಟೈಟಲ್ ಕೈಯಲ್ಲೇ ಮಾಡಿದೆವು. ಇನ್ನು ಮೌನ ತೆಗೆಯುವ ಬಟನ್ ಅಜ್ಜಿಯ ಆ ನಾಲ್ಕು ಸೆಕೆಂಡನ್ನು ತೆಗೆದು ಬಿಡ್ತಿತ್ತು. ಒಂದು ಲೆಕ್ಕದಲ್ಲಿ ನಮ್ಮ ಮೊದಲ ಕಟ್‌ಗಿಂತ ಅದೇ ಪ್ರಾಮಾಣಿಕ ಆಗ್ತಿತ್ತೋ ಏನೋ.

ನಮ್ಮ ಗುಂಪಿನ ಆ ಕಾರ್ಕಳದವ ಈಗ ಎಡಿಟರ್ ಆಗ್ತೇನೆ ಅಂತ ಕೂತಿದ್ದಾನೆ. ಕೊನೆಯ ಎಕ್ಸ್‌ಪೋರ್ಟ್ ಅವನ ಮನೆಯಲ್ಲೇ ಮಾಡಿದ್ದು. ಮಳೆಗೆ ಕರೆಂಟ್ ಹೋಗಿ, ಲ್ಯಾಪ್‌ಟಾಪಿನ ಬ್ಯಾಟರಿ 6 ಪರ್ಸೆಂಟಿಗೆ ಬಂದು, ನಾವೆಲ್ಲ ಪ್ರೋಗ್ರೆಸ್ ಬಾರ್ ನೋಡ್ತಾ ಕೂತಿದ್ದಾಗ ಅವನ ಅಮ್ಮ ಚಾ ತಂದು, "ಎಡಿಟಿಂಗ್ ಅಂದ್ರೆ ಎಂತ ಮಗಾ, ಮದುವೆ ಸೀಡಿಗೆ ಪದ್ಯ ಹಾಕುದಾ?" ಅಂತ ಕೇಳಿದರು. ಅವ ಉತ್ತರ ಕೊಡದೆ ಅಜ್ಜಿಯ ಎರಡೂ ಕಟ್ ತೋರಿಸಿದ, ಸಮುದ್ರ ಇದ್ದದ್ದು ಒಮ್ಮೆ, ಇಲ್ಲದ್ದು ಒಮ್ಮೆ. ಅಮ್ಮ ಎರಡನ್ನೂ ನೋಡಿ, "ಮೊದಲನೆಯದ್ರಲ್ಲಿ ಆ ಹುಡುಗ ಫೋನ್ ಮಾಡುದಿಲ್ಲ ಅಲ್ವಾ?" ಅಂದ್ರು. ಇಂಜಿನಿಯರಿಂಗ್ ಮುಗಿಸ್ಲೇಬೇಕು ಅಂತ ಅಪ್ಪನ ಶರತ್ತು, ಅದಕ್ಕೆ ಅವ ಒಪ್ಪಿದ್ದಾನೆ. ಈ ರಜೆಯಲ್ಲಿ ಹಿರಿಯಡ್ಕದ ಒಂದು ಮದುವೆಯ ವಿಡಿಯೋ ಎಡಿಟ್ ಮಾಡ್ತಾ ಇದ್ದಾನೆ. ಬಂದ ಹಣದಲ್ಲಿ ಎಸ್‌ಎಸ್‌ಡಿ ತೆಗೊಳ್ತಾನಂತೆ. ಮದುಮಗಳ ಮಾವ ಡ್ರೋನ್ ಶಾಟ್ ಎರಡು ಸಲ ಬೇಕು ಅಂತ ಹಟ ಹಿಡಿದಿದ್ದಾರೆ.